ಒಂಬತ್ತು ಗಾಡಿಯ ಹಗ್ಗ

ಜೂನ್ 9, ಸೋಮವಾರ

ಕೊಯಮತ್ತೂರಿನಿಂದ ಮತ್ತೆ ಹೊಸ ರೇಟು ಪಟ್ಟಿ ಬಂತು. ಒಂದೂವರೆ ತಿಂಗಳಲ್ಲಿ ಇದು ಮೂರನೆಯದು. ಮೋಟಾರಿನ ಮುಂದೆ ಕೆಂಪಕ್ಷರದಲ್ಲಿ, ಚೀನಾದಿಂದ ಮ್ಯಾಗ್ನೆಟ್ ಬರುತ್ತಿಲ್ಲ, ಮಾಲು ಇದ್ದಷ್ಟು ದಿನ ಮಾತ್ರ ಎಂದು ಬರೆದಿದ್ದಾರೆ. ಲಿಥಿಯಂ ಬ್ಯಾಟರಿಯ ಮುಂದೆ, ಈ ರೇಟು ಮೂರು ದಿನಕ್ಕೆ ಎಂದಿದೆ. ಮೊದಲೆಲ್ಲ ಟೊಮೆಟೊ ಮಾರುವವರು ಮಾತ್ರ ಹೀಗೆ ಮಾತಾಡುತ್ತಿದ್ದರು.

ಕೊಟ್ಟೂರಿನಲ್ಲಿ ಎಲೆಕ್ಟ್ರಿಕ್ ಸ್ಕೂಟರ್ ಅಂಗಡಿ ಇಟ್ಟು ನಾಲ್ಕು ವರ್ಷವಾಯಿತು. ಚೀನಾದವರು ಯಾವ ಗುಡ್ಡದಲ್ಲಿ ಏನು ಅಗೆಯುತ್ತಾರೆ ಎಂದು ತಿಳಿಯದೆ ಇಷ್ಟು ದಿನ ಸುಖವಾಗಿದ್ದೆ. ಈಗ ಎದ್ದ ಕೂಡಲೇ ಮುಖ ತೊಳೆಯುವುದಕ್ಕೂ ಮೊದಲು ಡಾಲರ್ ಎಷ್ಟು ಎಂದು ನೋಡುತ್ತೇನೆ. ಬಿ.ಪಿ. ಏರಿದೆ, ತಲೆಯಲ್ಲಿರುವುದನ್ನು ಯಾರಿಗಾದರೂ ಹೇಳಿಕೊಳ್ಳಿ ಎಂದರು ಡಾಕ್ಟರು. ಯಾರಿಗೆ ಹೇಳುವುದು? ಬೀಜದ ಕಂಪನಿಯವರು ಕೊಟ್ಟ ಈ ಡೈರಿ ಜನವರಿಯಿಂದ ಖಾಲಿ ಬಿದ್ದಿತ್ತು, ಇದಕ್ಕೇ ಹೇಳುತ್ತೇನೆ.

ನನ್ನ ಹೆದರಿಕೆ ಇಷ್ಟು. ಹಳೆಯ ಲೆಡ್ ಬ್ಯಾಟರಿಯ ಗಾಡಿ ಕೊಟ್ಟು ಹೊಸ ಲಿಥಿಯಂ ಗಾಡಿ ಒಯ್ಯಿರಿ ಎಂದು ಒಂಬತ್ತು ಜನಕ್ಕೆ ರೇಟು ಹೇಳಿಬಿಟ್ಟಿದ್ದೇನೆ. ಗಾಡಿಗಳು ಗೋದಾಮಿನಲ್ಲಿ ಸಾಲಾಗಿ ನಿಂತಿವೆ, ಬ್ಯಾಟರಿ ಇಲ್ಲ. ಹೊಸ ರೇಟಿನಲ್ಲಿ ಬ್ಯಾಟರಿ ತರಿಸಿದರೆ ನನಗೆ ಮೂರು ನಾಮ.

ರೇಟು ಬದಲಾಯಿಸಿ ಫೋನ್ ಮಾಡಿಬಿಡಲೇ ಎಂದು ಅಪ್ಪನನ್ನು ಕೇಳಿದೆ. ಅಪ್ಪ ದಿನವೂ ಅಂಗಡಿಯ ಬಾಗಿಲಲ್ಲಿ ಕುರ್ಚಿ ಹಾಕಿಕೊಂಡು ಕೂರುತ್ತಾನೆ. ದಲ್ಲಾಳಿ ನಾಗಪ್ಪ ಎಂದರೆ ಹರಪನಹಳ್ಳಿಯಿಂದ ಹಡಗಲಿಯವರೆಗೆ ದನದ ಸಂತೆ ಮಾಡಿದ ಹಳಬರಿಗೆಲ್ಲ ಗೊತ್ತು.

"ಟವಲ್ ಕೆಳಗ ಬೆರಳು ಹಿಡದು ರೇಟು ಕುದುರಿದ ಮ್ಯಾಲೆ ಮುಗೀತು. ಎತ್ತಿನ ರೇಟು ಏರ್ಲಿ, ಇಳೀಲಿ," ಎಂದ.

"ನಾನು ಯಾರ ಬೆರಳೂ ಹಿಡದಿಲ್ಲಪ್ಪ."

"ಬಾಯಿ ಐತಲ್ಲ ನಿನಗ."

ಜೂನ್ 14, ಶನಿವಾರ

ದೇವರು ಕಣ್ಣು ಬಿಟ್ಟ. ಶ್ರೀನಾಥ ಎಂಬ ಹೊಸಬ ಸಿಕ್ಕಿದ್ದಾನೆ. ಚೀನಾದಿಂದ ಸೆಲ್ ತರಿಸಿ ಹೊಸೂರಿನಲ್ಲಿ ಬ್ಯಾಟರಿ ಕಟ್ಟುತ್ತಾನಂತೆ. ಕೊಯಮತ್ತೂರಿನವರಿಗಿಂತ ಸೋವಿ, ನನ್ನ ಮಾತು ಉಳಿಯುತ್ತದೆ. ಮೊದಲು ಒಂದು ಸ್ಯಾಂಪಲ್ ಕಳಿಸುತ್ತೇನೆ ಸರ್, ಹಾಕಿ ನೋಡಿ ಎಂದ. ಅವನ ದನಿ ತೀರ ಮೆತ್ತಗಿದೆ. ಮೆತ್ತಗೆ ಮಾತಾಡುವ ಸಪ್ಲೈಯರ್ ಎಂದರೆ ನನಗೆ ಅನುಮಾನ.

ಜೂನ್ 18, ಬುಧವಾರ

ಸ್ಯಾಂಪಲ್ ಬ್ಯಾಟರಿಯನ್ನು ಶಾಂಭವಿಯ ಗಾಡಿಗೆ ಹಾಕಿದೆ. ಹೆಂಡತಿಯ ಗಾಡಿಯ ಮೇಲೆ ಪರೀಕ್ಷೆ ಮಾಡಿದರೆ ಕೇಳುವವರು ಯಾರು! ಅವಳಿಗೆ ಉಜ್ಜಿನಿಯ ಅಂಚೆ ಕಚೇರಿಯಲ್ಲಿ ಕೆಲಸ, ದಿನಾ ಹೋಗಿ ಬರುತ್ತಾಳೆ, ಒಳ್ಳೆಯ ಪರೀಕ್ಷೆಯೇ. ಸ್ಯಾಂಪಲ್ ಜೊತೆ ಚಾರ್ಜರ್ ಬಂದಿರಲಿಲ್ಲ. ಅವಳ ಹಳೆಯ ಲೆಡ್ ಚಾರ್ಜರನ್ನೇ ಚುಚ್ಚಿ ನೋಡಿದೆ. ಪಿನ್ ಸರಿಯಾಗಿ ಕೂತಿತು, ದೀಪ ಹತ್ತಿತು. ಸ್ವಲ್ಪ ದಿನ ನಡೆಯುತ್ತದೆ. ಬ್ರೇಕು ಎಂದೇನೋ ಅಂದಳು, ಶ್ರೀನಾಥನ ಫೋನ್ ಬಂತು. ಒಂಬತ್ತಕ್ಕೆ ಆರ್ಡರ್ ಹಾಕಿದೆ.

ಜುಲೈ 2, ಬುಧವಾರ

ಒಂಬತ್ತು ಬ್ಯಾಟರಿ ಬಂದವು. ಚಾರ್ಜರ್ ಬರಲಿಲ್ಲ. ಕಾಗದ ಸರಿಯಿಲ್ಲ ಎಂದು ಚೆನ್ನೈ ಬಂದರಿನಲ್ಲಿ ನಿಂತಿವೆಯಂತೆ. "ಚಾರ್ಜರ್ ಬರುವ ತನಕ ಗಾಡಿ ಕೊಡಬೇಡಿ ಸರ್," ಎಂದ ಶ್ರೀನಾಥ. ಅವನಿಗೇನು, ಹೊಸೂರಿನಲ್ಲಿ ಕೂತು ಹೇಳುತ್ತಾನೆ. ಇಲ್ಲಿ ಹೊಸಪೇಟೆಯ ಡೀಲರೊಬ್ಬ ನನ್ನ ಗಿರಾಕಿಗಳಿಗೆ ದಿನಕ್ಕೆರಡು ಸಲ ಫೋನ್ ಮಾಡುತ್ತಿದ್ದಾನೆ. ನಾಲ್ಕು ದಿನದಲ್ಲಿ ಚಾರ್ಜರ್ ಮನೆಗೇ ತಂದು ಕೊಡುತ್ತೇನೆ ಎಂದು ಹೇಳಿ ಎಲ್ಲರನ್ನೂ ಕರೆಸಿ ಗಾಡಿ ಕೊಟ್ಟುಬಿಟ್ಟೆ. ಬ್ಯಾಟರಿ ತುಂಬಿಸಿಯೇ ಕಟ್ಟಿರುತ್ತಾರೆ, ಒಂದು ಹೊಡೆತಕ್ಕೆ ಅರವತ್ತು ಕಿಲೋಮೀಟರ್ ಓಡುತ್ತದೆ.

ಬ್ಯಾಟರಿಗಳ ಮೇಲೆ ಒಂದು ಹಳದಿ ಸ್ಟಿಕರ್ ಇತ್ತು. ಮೇಲರ್ಧ ಚೀನೀ ಅಕ್ಷರ, ಕೆಳಗೆ ಇಂಗ್ಲಿಷ್. ಮೊದಲ ಗಿರಾಕಿಯೇ "ಚೀನಾ ಮಾಲೇನ್ರಿ ಇದು?" ಎಂದು ಮುಖ ಸಿಂಡರಿಸಿದ. ಎಲ್ಲವನ್ನೂ ಕೆರೆದು ತೆಗೆದು ನಮ್ಮ ಅಂಗಡಿಯ ಬಸವಣ್ಣನ ಚಿತ್ರದ ಸ್ಟಿಕರ್ ಅಂಟಿಸಿದೆ. ನೋಡಲು ಲಕ್ಷಣವಾಯಿತು.

ನಗು ಬಂದದ್ದು ಹಗ್ಗದ ವಿಷಯಕ್ಕೆ. ನಮ್ಮ ಕಡೆ ಎತ್ತು ಮಾರಿದರೂ ಅದರ ಹಗ್ಗ ಕೊಡುವುದಿಲ್ಲ. ಕೊಂಡವನು ಹೊಸ ಹಗ್ಗ ತರಬೇಕು, ಮಾರಿದವನು ಹಳೆಯದನ್ನು ಬಿಚ್ಚಿಕೊಂಡು ಮನೆಗೆ ಒಯ್ಯಬೇಕು. ಹಗ್ಗ ಹೋದರೆ ಕೊಟ್ಟಿಗೆಯ ಲಕ್ಷ್ಮಿ ಅದರ ಹಿಂದೆಯೇ ಹೋಗುತ್ತಾಳೆ. ಇಲ್ಲೇ ಹರಪನಹಳ್ಳಿ ಕಡೆಯ ಅರಸೀಕೆರೆಯ ಪಾಲಾಕ್ಷಪ್ಪ ತನ್ನ ಹಳೆಯ ಗಾಡಿ ಒಪ್ಪಿಸುವಾಗ ಚಾರ್ಜರನ್ನು ಸುತ್ತಿ ಚೀಲದೊಳಗೆ ಇಟ್ಟುಕೊಂಡ. ಅದು ಗಾಡಿಯ ಜೊತೆ ಬರಬೇಕಲ್ಲ ಎಂದೆ. "ಹಗ್ಗ ಹೆಂಗ ಕೊಡ್ಲಿ?" ಎಂದ. ಅಪ್ಪ ಕುರ್ಚಿಯಿಂದಲೇ, "ಖರೇ ಐತಿ, ಇಟಗೊಳ್ಳಿ ಬಿಡು," ಎಂದ. ಅದನ್ನು ನೋಡಿ ಉಳಿದವರೂ ಇಟ್ಟುಕೊಂಡರು. ಗುಜರಿಗೆ ಹೋಗುವ ಡಬ್ಬಿ, ನನಗೇನು ನಷ್ಟ? ಹಗ್ಗ ನಿಮ್ಮದೇ ಎಂದು ನಾನೂ ನಗುತ್ತ ಕಳಿಸಿದೆ. ಹಡಗಲಿಯ ಮೈಲಾರೇಶ್ ಹೊರಡುವಾಗ, "ಹಳೇ ಚಾರ್ಜರಿನ ಪಿನ್ನು ಇದಕ್ಕ ಕೂಡ್ತೈತೇನ್ರಿ ಅಣ್ಣಾರ?" ಎಂದು ಕೇಳಿದ. ಕೂಡುತ್ತದೆ ಎಂದೆ.

ಮಾತು ಉಳಿಸಿಕೊಂಡೆ. ಇವತ್ತು ಅನ್ನ ರುಚಿಸಿತು.

ಜುಲೈ 11, ಶುಕ್ರವಾರ

ಚಾರ್ಜರ್ ಇಲ್ಲ. ಇನ್ನೂ ಚೆನ್ನೈ.

ಜುಲೈ 14, ಸೋಮವಾರ

ಡಾಲರ್ ಎಂಬತ್ತಾರು ರೂಪಾಯಿಗೆ ಎರಡೇ ಪೈಸೆ ಕಡಿಮೆ. ಕೊಯಮತ್ತೂರಿನವರು ಬಿಡಿ ಕಂಟ್ರೋಲರ್ ಕೊಡುವುದನ್ನೂ ನಿಲ್ಲಿಸಿದರು. ಇನ್ನು ರಿಪೇರಿಗೆ ಬಂದ ಗಾಡಿಗಳ ಗತಿ? ಶ್ರೀನಾಥನಿಗೆ ಆರು ಸಲ ಫೋನ್ ಮಾಡಿದೆ. ಶುಕ್ರವಾರ ಬಿಡುಗಡೆ ಆಗುತ್ತೆ ಸರ್ ಎಂದ, ಯಾವ ಶುಕ್ರವಾರ ಎಂದು ಹೇಳಲಿಲ್ಲ.

ಊಟಕ್ಕೆ ಕೂತಾಗ ಶಾಂಭವಿ ತನ್ನ ಚಾರ್ಜರಿನ ಬಗ್ಗೆ ಏನೋ ಹೇಳುತ್ತಿದ್ದಳು. ಕೇಳುವ ಸ್ಥಿತಿಯಲ್ಲಿ ನಾನಿರಲಿಲ್ಲ. ಮನೆಯಲ್ಲೂ ಚಾರ್ಜರ್ ಪುರಾಣವೇ ಎಂದು ರೇಗಿದೆ. ಸಾರು ಬಡಿಸಿ ಒಳಗೆ ಹೋದಳು.

ಜುಲೈ 19, ಶನಿವಾರ

ಅಂಗಡಿಯ ಕಟಿಂಗ್ ಪ್ಲೇಯರ್ ನಾಲ್ಕು ದಿನದಿಂದ ಕಾಣುತ್ತಿಲ್ಲ. ಬೆಳಿಗ್ಗೆ ಚಹಾ ನಾನೇ ಕಾಸಿಕೊಂಡೆ. ಶಾಂಭವಿ ಈಚೆಗೆ ಬೇಗ ಹೊರಟುಬಿಡುತ್ತಾಳೆ. ಅಂಚೆ ಕಚೇರಿಯಲ್ಲಿ ಕೆಲಸ ಜಾಸ್ತಿ ಇರಬೇಕು. ಎಲ್ಲರಿಗೂ ಒಂದೊಂದು ಬೇಗುದಿ.

ಜುಲೈ 30, ಬುಧವಾರ

ಪಂಚಮಿಯ ಉಂಡೆ ತಿನ್ನಲೂ ಮನಸ್ಸಾಗಲಿಲ್ಲ. ಚಾರ್ಜರ್ ಎಲ್ಲಿ ಎಂದು ಗಿರಾಕಿಗಳು ಫೋನ್ ಮಾಡುತ್ತಾರೆಂದು ತಿಂಗಳಿಡೀ ಹೆದರಿಕೊಂಡೇ ಇದ್ದೆ. ಒಬ್ಬರೂ ಮಾಡಲಿಲ್ಲ. ಒಳ್ಳೆಯ ಜನ, ತಾಳ್ಮೆ ಇದೆ.

ಆಗಸ್ಟ್ 4, ಸೋಮವಾರ



ಹನ್ನೊಂದು ಗಂಟೆಗೆ ಮೈಲಾರೇಶ್ ತನ್ನ ಗಾಡಿಯನ್ನು ಲಗೇಜ್ ಆಟೋದಲ್ಲಿ ಹಾಕಿಕೊಂಡು ಬಂದ. ಅವನು ದಿನಾ ನಸುಕಿನಲ್ಲಿ ತೋಟಗಳಿಂದ ಮಲ್ಲಿಗೆ ಹೊತ್ತು ಹಡಗಲಿಯ ಮೊದಲ ಬಸ್ಸಿಗೆ ಮುಟ್ಟಿಸುವವನು.

"ಅಣ್ಣಾರ, ಸೀಟು ಮುಚ್ಚವಲ್ದು ನೋಡ್ರಿ."

ಸೀಟು ಎತ್ತಿದೆ. ಒಳಗೆ ಬ್ಯಾಟರಿ ಉಬ್ಬಿ ಬಸವಣ್ಣನ ಸ್ಟಿಕರ್ ನಡುವೆ ಹರಿದಿತ್ತು. ಸುಟ್ಟ ಪ್ಲಾಸ್ಟಿಕ್ಕಿನ ವಾಸನೆ. ಅದನ್ನು ಬಿಚ್ಚಿ ರಸ್ತೆಯಾಚೆಯ ಮರಳಿನ ಗುಂಡಿಯಲ್ಲಿ ಇಟ್ಟು ಬರುವಷ್ಟರಲ್ಲಿ ಅಂಗಿ ಒದ್ದೆಯಾಗಿತ್ತು. ಮೈಲಾರೇಶ್ ಬೈಯಲಿಲ್ಲ. "ರಾತ್ರಿ ಪಡಸಾಲ್ಯಾಗ ಇಡ್ತೀನ್ರಿ ಇದನ್ನ, ಮಕ್ಕಳು ಅಲ್ಲೇ ಮಲಗ್ತಾವು," ಎಂದಷ್ಟೇ ಹೇಳಿದ. ಬೈದಿದ್ದರೆ ಚೆನ್ನಾಗಿತ್ತು.

ಇನ್ನೂ ಎಂಟು ಗಾಡಿ ಎಂಟು ಮನೆಗಳಲ್ಲಿವೆ.

ಸಿಟ್ಟು ನೆತ್ತಿಗೇರಿತು. ಡೀಲರುಗಳ ವಾಟ್ಸಾಪ್ ಗುಂಪಿನಲ್ಲಿ ಉಬ್ಬಿದ ಬ್ಯಾಟರಿಯ ಫೋಟೊ ಹಾಕಿ, ಶ್ರೀನಾಥ ಮೋಸಗಾರ, ಕೊಳೆತ ಸೆಲ್ ಕಟ್ಟಿ ಕೊಡುತ್ತಾನೆ, ಯಾರೂ ಕೊಳ್ಳಬೇಡಿ ಎಂದು ಬರೆದೆ. ಸೋವಿ ಮಾಲಿನ ಹಣೆಬರಹ ಇಷ್ಟೇ. ಮೆತ್ತನೆಯ ದನಿಯವನನ್ನು ನಾನು ನಂಬಬಾರದಿತ್ತು.

ಆಗಸ್ಟ್ 5, ಮಂಗಳವಾರ

ಬೆಳಿಗ್ಗೆ ಶ್ರೀನಾಥನೇ ಫೋನ್ ಮಾಡಿದ. ಜಗಳಕ್ಕೆ ನಾನು ಸಿದ್ಧನಾಗಿದ್ದೆ. ಅವನು ಒಂದೇ ಪ್ರಶ್ನೆ ಕೇಳಿದ.

"ಯಾವ ಚಾರ್ಜರಲ್ಲಿ ಚಾರ್ಜ್ ಮಾಡ್ತಿದ್ದಾರೆ ಸರ್ ಅವರು? ನಾನಿನ್ನೂ ಚಾರ್ಜರ್ ಕಳಿಸೇ ಇಲ್ವಲ್ಲ."

ಹಳೆಯ ಲೆಡ್ ಚಾರ್ಜರ್‌ಗಳು ಅವರ ಹತ್ತಿರವೇ ಉಳಿದಿವೆ ಎಂದೆ. ಒಂದು ತಿಂಗಳಿಂದ ಚಾರ್ಜರಿಗಾಗಿ ಅವನ ಪ್ರಾಣ ತಿಂದಿದ್ದೇನೆ. ಅದಿಲ್ಲದೆ ಗಾಡಿಗಳು ಹೇಗೆ ಓಡುತ್ತಿವೆ ಎಂದು ಒಂದು ದಿನವೂ ಕೇಳಿಕೊಂಡಿಲ್ಲ. ಜನಕ್ಕೆ ತಾಳ್ಮೆ ಇದೆ ಅಂತೆ! ಅವರ ಮನೆಯಲ್ಲಿ ಹಗ್ಗ ಇತ್ತು, ಅದರಿಂದಲೇ ಕಟ್ಟುತ್ತಿದ್ದರು.

"ಲೆಡ್ ಚಾರ್ಜರ್ ಲಿಥಿಯಂಗೆ ಹೆಚ್ಚು ಒತ್ತುತ್ತೆ ಸರ್. ತುಂಬಿದ ಮೇಲೂ ಬಿಡಲ್ಲ. ಒಳಗಿನ ಬೋರ್ಡು ಸ್ವಲ್ಪ ದಿನ ತಡೆಯುತ್ತೆ, ಆಮೇಲೆ ಸೋಲುತ್ತೆ. ಸ್ಟಿಕರಲ್ಲಿ ಬರೆದಿದೆಯಲ್ಲ, ಬೇರೆ ಚಾರ್ಜರ್ ಹಾಕಬಾರದು ಅಂತ."

ಸ್ಟಿಕರನ್ನು ಕೆರೆದು ತೆಗೆದವನು ನಾನು. ಪಿನ್ ಕೂಡುತ್ತದೆ ಎಂದವನೂ ನಾನು. ಕುಣಿಯಲಾರದವಳು ನೆಲ ಡೊಂಕು ಅಂದಳಂತೆ. ಫೋನ್ ಹಿಡಿದುಕೊಂಡೇ ಹೇಳಿದೆ, ತಪ್ಪು ನನ್ನದು ಎಂದು.

ಅವನು ಹೇಳಿದ. "ಚಾರ್ಜರ್‌ಗಳು ಮೊನ್ನೆ ಬಿಡುಗಡೆ ಆದವು ಸರ್. ನಿಮ್ಮ ಮೆಸೇಜ್ ನೋಡಿ ನಿನ್ನೆ ಇಬ್ಬರು ಡೀಲರ್ ಆರ್ಡರ್ ರದ್ದು ಮಾಡಿದರು. ಅವರ ಚಾರ್ಜರೂ ನನ್ನ ಹತ್ರ ಉಳಿದಿವೆ, ನಿಮಗೆ ಇವತ್ತೇ ಬಸ್ಸಿಗೆ ಹಾಕ್ತೀನಿ. ಮೊದಲು ಹಳೇವನ್ನ ಕಿತ್ತುಕೊಳ್ಳಿ."

ಆಗಿನಿಂದ ಫೋನ್ ಹಿಡಿದೇ ಕೂತಿದ್ದೇನೆ. ಆರು ಜನ ಸಿಕ್ಕರು, ಪ್ಲಗ್ ಕಿತ್ತು ಗಾಡಿ ಬಯಲಿಗೆ ಇಡುತ್ತೇವೆ ಎಂದರು. ಪಾಲಾಕ್ಷಪ್ಪ, "ಒಮ್ಮೆ ಇಟಗೊಳ್ರಿ ಅಂತೀರಿ, ಒಮ್ಮೆ ಕೊಡ್ರಿ ಅಂತೀರಿ. ಹಗ್ಗ ಕೊಡಾಂಗಿಲ್ಲ," ಎಂದು ಇಟ್ಟುಬಿಟ್ಟ. ಹಲವಾಗಲಿನ ಪಕ್ಕೀರಮ್ಮನ ಫೋನ್ ಸ್ವಿಚ್ ಆಫ್. ನಾಡಿದ್ದು ಕಳೆದರೆ ಶ್ರಾವಣದ ಶುಕ್ರವಾರ, ಆ ದಿನ ಲಕ್ಷ್ಮಿ ಕೂರಿಸಿದ ಮನೆಯಿಂದ ಒಂದು ಕಡ್ಡಿಯನ್ನೂ ಯಾರೂ ಆಚೆ ಬಿಡುವುದಿಲ್ಲ.

ಗುಂಪಿನಲ್ಲಿ ಕ್ಷಮೆ ಕೇಳಬೇಕು. ಬರೆದೆ, ಅಳಿಸಿದೆ. ಮತ್ತೆ ಬರೆದೆ, ಮತ್ತೆ ಅಳಿಸಿದೆ. ತಪ್ಪು ನನ್ನದೆಂದು ಬರೆದರೆ ಈ ನಾಲ್ಕು ತಾಲೂಕಿನಲ್ಲಿ ಇನ್ನು ಯಾರು ನನ್ನ ಹತ್ತಿರ ಗಾಡಿ ಕೊಳ್ಳುತ್ತಾರೆ?

ಆಗಸ್ಟ್ 6, ಬುಧವಾರ

ಬೆಳಿಗ್ಗೆ ಬಸ್ಸಿನಲ್ಲಿ ಚಾರ್ಜರ್ ಬಂದವು. ಒಂಬತ್ತು ಕೇಳಿದರೆ ಹತ್ತು ಕಳಿಸಿದ್ದಾನೆ, ಪಾಪ, ಅವಸರದಲ್ಲಿ ಲೆಕ್ಕ ತಪ್ಪಿದ್ದಾನೆ. ಮೈಲಾರೇಶನದು ಒಂದನ್ನು ತೆಗೆದಿಟ್ಟು, ಕೂಡ್ಲಿಗಿ, ಕಾನಹೊಸಹಳ್ಳಿ, ಹಗರಿಬೊಮ್ಮನಹಳ್ಳಿ ಸುತ್ತಿ ಆರು ಚಾರ್ಜರ್ ಬದಲಾಯಿಸಿದೆ. ಎಲೆಕ್ಟ್ರಿಕ್ ಗಾಡಿ ಮಾರುವವನು ಪೆಟ್ರೋಲ್ ಬೈಕಿನಲ್ಲಿ ತಿರುಗುತ್ತಾನೆ ಎಂದು ಕೂಡ್ಲಿಗಿಯಲ್ಲಿ ಒಬ್ಬರು ನಕ್ಕರು. ನಗಲಿ.

ಮಧ್ಯಾಹ್ನ ಅಪ್ಪನನ್ನು ಹಿಂದೆ ಕೂರಿಸಿಕೊಂಡು ಅರಸೀಕೆರೆಗೆ ಹೋದೆ. ಪಾಲಾಕ್ಷಪ್ಪ ನೀರು ಕೊಟ್ಟ, ಚಹಾ ಕೊಟ್ಟ, ಚಾರ್ಜರ್ ಮಾತ್ರ ಕೊಡಲಿಲ್ಲ. ಹೊಸದನ್ನು ಕೈಗಿಟ್ಟರೆ, "ಇದೂ ಇರ್ಲಿ, ಅದೂ ಇರ್ಲಿ," ಎಂದ. ಬೆಂಕಿ ಬೀಳುತ್ತದೆ ಎಂದು ಹೇಳಿದೆ, ಲಿಥಿಯಂ, ವೋಲ್ಟೇಜು ಎಲ್ಲ ಹೇಳಿದೆ.

"ನಾಗಪ್ಪಣ್ಣ, ನೀನ ಹೇಳು. ಹಗ್ಗ ಕೊಟ್ಟವರು ಉದ್ಧಾರ ಆಗ್ಯಾರೇನು?"

ಅಪ್ಪ ಚಹಾದ ಲೋಟ ಕೆಳಗಿಟ್ಟು ನಿಧಾನವಾಗಿ ಹೇಳಿದ. "ಪಾಲಾಕ್ಷಿ, ಹಗ್ಗ ಅಂದ್ರ ಯಾವುದು? ವಯರು ಹಗ್ಗ. ಡಬ್ಬಿ ಎತ್ತಿಗೆ ಮೇವು ಹಾಕೋ ಗ್ವಾದಲಿ ಇದ್ದಂಗ, ಅದು ಹೋದ್ರ ಏನಾತು? ವಯರು ಕತ್ತರಿಸಿ ನೀನ ಇಟಗ. ಡಬ್ಬಿ ನಮಗ ಕೊಡು."

ಪಾಲಾಕ್ಷಪ್ಪ ಯೋಚಿಸಿದ. ಒಳಗಿನಿಂದ ಕುಡುಗೋಲು ತಂದ. ತಾನೇ ಕೊಯ್ದು, ವಯರನ್ನು ಕಣ್ಣಿಗೊತ್ತಿಕೊಂಡು ಮೊಳೆಗೆ ಹಾಕಿದ. ಡಬ್ಬಿ ನನ್ನ ಚೀಲಕ್ಕೆ ಬಂತು. ದಾರಿಯುದ್ದಕ್ಕೂ ಅಪ್ಪನ ಬುದ್ಧಿಯನ್ನು ಹೊಗಳಿದೆ. "ನಂದಲ್ಲಲೇ ಅದು, ಕಂಡಿದ್ದು ಹೇಳಿದೆ," ಎಂದ. ಯಾವ ಕಾಲದ ಸಂತೆಯಲ್ಲಿ ಕಂಡಿದ್ದನೋ.

ಮನೆಗೆ ಬಂದವನೇ ಗುಂಪಿನಲ್ಲಿ ಬರೆದೆ. ಶ್ರೀನಾಥನದು ತಪ್ಪಿಲ್ಲ, ಸ್ಟಿಕರ್ ಕಿತ್ತವನು ನಾನು, ಚಾರ್ಜರ್ ಇಲ್ಲದೆ ಗಾಡಿ ಕೊಟ್ಟವನು ನಾನು, ಆರ್ಡರ್ ರದ್ದು ಮಾಡಿದವರು ಮತ್ತೆ ಅವನ ಹತ್ತಿರ ಕೊಳ್ಳಿರಿ. ಈ ಸಲ ಅಳಿಸಲಿಲ್ಲ.

ಆಗಸ್ಟ್ 7, ಗುರುವಾರ

ಪಕ್ಕೀರಮ್ಮನ ಫೋನ್ ಇವತ್ತೂ ಹತ್ತಲಿಲ್ಲ. ಒಬ್ಬನೇ ಹಲವಾಗಲಿಗೆ ಹೊರಟೆ. ಅವಳು ಊರೂರಿಗೆ ಬಳೆ ಮಾರುವವಳು. ಮನೆ ಹುಡುಕಿ ಹೋದರೆ ಬಾಗಿಲಿಗೆ ಬೀಗ. ಹೊಳೆಯ ಕಡೆ ಬಟ್ಟೆ ಒಗೆಯಲು ಹೋಗಿದ್ದಾಳೆ ಎಂದರು. ಕಿಟಕಿಯಿಂದ ಇಣುಕಿದೆ. ಒಳಗೆ ಗಾಡಿ ನಿಂತಿತ್ತು, ಚಾರ್ಜರಿನ ಕೆಂಪು ದೀಪ ಉರಿಯುತ್ತಿತ್ತು. ಆ ಗೋಡೆಗೆ ಒತ್ತಿಕೊಂಡೇ ಪಕ್ಕದವರ ಮೇವಿನ ಬಣವೆ.

ಬೀಗ ಒಡೆಯಲೇ? ಆಮೇಲೆ ಜಗುಲಿಯ ಮೇಲಿನ ಮೀಟರ್ ಕಂಡಿತು. ಕುರ್ಚಿ ಬೇಡಿ ತಂದು, ಹತ್ತಿ, ಫ್ಯೂಸ್ ಕಿತ್ತೆ. ಕೆಂಪು ದೀಪ ಆರಿತು. ನೆಲದ ಮೇಲೆ ಕೂತುಬಿಟ್ಟೆ.

ಪಕ್ಕೀರಮ್ಮ ಬಟ್ಟೆಯ ಗಂಟು ಹೊತ್ತು ಬಂದು ಕೈಯಲ್ಲಿ ಫ್ಯೂಸ್ ಹಿಡಿದ ನನ್ನನ್ನು ನೋಡಿ ಕೇರಿಗೆಲ್ಲ ಕೇಳುವ ಹಾಗೆ ಬೈದಳು. "ಬಿಲ್ಲು ಕಟ್ಟೀನಿ ತಮ್ಮಾ, ಯಾರು ನಿನಗ ಕೀಳು ಅಂದವರು?" ಬೀಗ ತೆಗೆದು ಸೀಟು ಎತ್ತಿದ ಮೇಲೆ ಬ್ಯಾಟರಿ ಮುಟ್ಟಿ ನೋಡಮ್ಮ ಎಂದೆ. ಮುಟ್ಟಿದ ಕೈಯನ್ನು ತಟ್ಟನೆ ಎಳೆದುಕೊಂಡಳು. ಆಮೇಲೆ ಬೈಯಲಿಲ್ಲ. ಮಜ್ಜಿಗೆ ಕೊಟ್ಟಳು. ಡಬ್ಬಿ ನನಗೆ, ವಯರು ಅವಳಿಗೆ. ಹೊಸ ಚಾರ್ಜರ್ ಕೊಟ್ಟೆ, ಬ್ಯಾಟರಿ ಬದಲಿಸುವವರೆಗೆ ಗಾಡಿ ಹೊರಗೇ ಇರಲಿ ಎಂದೆ.

ಹರಪನಹಳ್ಳಿಯಲ್ಲಿ ಬೈಕ್ ನಿಲ್ಲಿಸಿ ಬೆರಳು ಮಡಚಿ ಎಣಿಸಿದೆ. ಒಂಬತ್ತೂ ಆದವು. ತಿಂಗಳ ಮೇಲೆ ಇವತ್ತು ಎದೆ ತುಂಬ ಉಸಿರು ಬಂತು. ನೀರಿನ ಬಾಟಲಿ ತೆಗೆಯಲು ಚೀಲಕ್ಕೆ ಕೈ ಹಾಕಿದರೆ ಒಂದು ಹೊಸ ಚಾರ್ಜರ್ ಸಿಕ್ಕಿತು.

ಶ್ರೀನಾಥ ಲೆಕ್ಕ ತಪ್ಪಿರಲಿಲ್ಲ. ತಾನು ಕಳಿಸಿದ ಸ್ಯಾಂಪಲ್ ಅವನಿಗೆ ನೆನಪಿತ್ತು. ನನಗಿರಲಿಲ್ಲ. ಹತ್ತನೆಯ ಗಾಡಿ ನನ್ನ ಮನೆಯಲ್ಲೇ ಇದೆ, ಪಡಸಾಲೆಯಲ್ಲಿ, ಅಪ್ಪನ ಮಂಚದ ಪಕ್ಕದಲ್ಲಿ. ಲೆಡ್ ಚಾರ್ಜರ್ ಚುಚ್ಚಿ ತೋರಿಸಿದ್ದು ನಾನೇ, ಜೂನ್‌ನಲ್ಲಿ, ಎಲ್ಲರಿಗಿಂತ ಮೊದಲು.

ಶಾಂಭವಿಗೆ ಫೋನ್ ಮಾಡಿದೆ, ಎತ್ತಲಿಲ್ಲ. ಅಪ್ಪನಿಗೆ ಫೋನಿಲ್ಲ. ಕೊಟ್ಟೂರಿನವರೆಗೆ ಬೈಕ್ ಹೇಗೆ ಓಡಿಸಿದೆನೋ ಗೊತ್ತಿಲ್ಲ. ಕಣ್ಣ ಮುಂದೆ ಮೈಲಾರೇಶನ ಗಾಡಿಯ ಸೀಟೇ ಇತ್ತು.

ಅಪ್ಪ ಮಂಚದ ಮೇಲೆ ಗೊರಕೆ ಹೊಡೆಯುತ್ತಿದ್ದ. ಪಕ್ಕದಲ್ಲಿ ಗಾಡಿಗೆ ಹಳೆಯ ಬೆಡ್‌ಶೀಟು ಹೊದಿಸಿತ್ತು. ಅದರ ಮೇಲೆ ಧೂಳು ಕೂತು, ಧೂಳಿನಲ್ಲಿ ಬೆಕ್ಕಿನ ಹೆಜ್ಜೆ ಮೂಡಿತ್ತು. ಬ್ಯಾಟರಿ ಮುಟ್ಟಿದೆ, ತಣ್ಣಗಿತ್ತು. ಚಾರ್ಜರಿನ ಡಬ್ಬಿ ಎಲ್ಲೂ ಕಾಣಲಿಲ್ಲ. ದೇವರ ಕೋಣೆಯ ಬಾಗಿಲ ಮೊಳೆಗೆ ಕಪ್ಪು ವಯರು ಸುತ್ತಿ ತೂಗುಹಾಕಿತ್ತು. ಕೆಳಗಿನ ಗೂಡಿನಲ್ಲಿ ನನ್ನ ಕಟಿಂಗ್ ಪ್ಲೇಯರ್.

ಆರೂವರೆಯ ಬಸ್ಸಿಗೆ ಶಾಂಭವಿ ಬಂದಳು. ಯಾವಾಗ ಕತ್ತರಿಸಿದ್ದು ಎಂದು ಕೇಳಿದೆ.

"ಮೂರು ವಾರ ದಾಟಿತು. ಡಬ್ಬಿ ಸುಡ್ತಿತ್ತು, ವಾಸನಿ ಬಂತು. ಪಕ್ಕದಾಗ ಮಾವನೋರು ಮಲಗ್ತಾರ. ಕಿತ್ತು ಹೊರಗ ಒಗಿಯಾಕ ಹೋದ್ರ, ಹಗ್ಗ ಒಗಿಬ್ಯಾಡ ಅಂದ್ರು. ವಯರು ಅಷ್ಟು ಇಟ್ಟೀನಿ."

"ಅವತ್ತಿಂದ ಬಸ್ಸಿಗೆ ಹೋಗ್ತೀಯ?"

"ಏಳೂವರಿ ಬಸ್ಸು."

"ನನಗ್ಯಾಕ ಹೇಳಲಿಲ್ಲ?"

"ಹೇಳೀನಲ್ರಿ," ಎಂದು ಚಹಾಕ್ಕೆ ನೀರಿಡಲು ಹೋದಳು. ಅವಳ ದನಿಯಲ್ಲಿ ಸಿಟ್ಟೂ ಇರಲಿಲ್ಲ.

ಈಗ ಈ ಡೈರಿಯನ್ನೇ ಹಿಂದಕ್ಕೆ ತಿರುವಿ ನೋಡಿದೆ. ಜುಲೈ 14. ಹೌದು, ಹೇಳಿದ್ದಾಳೆ. ಡಾಲರ್ ಎಷ್ಟಿತ್ತು ಎಂದು ಪೈಸೆಯವರೆಗೆ ಬರೆದಿದ್ದೇನೆ, ಅವಳು ಹೇಳಿದ್ದಕ್ಕೆ 'ಏನೋ' ಎಂದು ಬರೆದಿದ್ದೇನೆ. ಆ ಏನೋ ಎಂಬುದನ್ನು ಅವತ್ತು ಕೇಳಿಸಿಕೊಂಡಿದ್ದರೆ ಮೈಲಾರೇಶನ ಮಕ್ಕಳ ಪಕ್ಕದಲ್ಲಿ ಅದು ಮೂರು ವಾರ ಉಬ್ಬುತ್ತಿರಲಿಲ್ಲ. ನಾಚಿಕೆಯಾಗುತ್ತಿದೆ. ಹೇಳಿಕೊಳ್ಳಲು ಯಾರೂ ಇಲ್ಲವೆಂದು ಇದನ್ನು ಬರೆಯಲು ಹಿಡಿದಿದ್ದೆ.

ಹತ್ತನೆಯ ಚಾರ್ಜರನ್ನು ಅವಳ ಕೈಗೆ ಕೊಟ್ಟೆ. ಚಹಾ ಕೊಡುತ್ತ ಇನ್ನೊಂದು ಮಾತು ಹೇಳಿದಳು. ಇದನ್ನು ಪೂರ್ತಿ ಬರೆದಿಡುತ್ತೇನೆ: "ಹಿಂದಿನ ಬ್ರೇಕು ಹಿಡಿಯವಲ್ದು. ಜೂನ್‌ನಾಗ ಹೇಳಿದ್ದೆ."

ಪೆನ್ನು ಇಲ್ಲಿಟ್ಟು ಬ್ರೇಕು ಬಿಚ್ಚಲು ಹೋಗುತ್ತಿದ್ದೇನೆ.